'ಅಂತೆ' ಕಳಚಿಕೊಳ್ಳುವ ಹೊತ್ತು

ಹಾಸನದಲ್ಲಿ ಒಂದು ಶನಿವಾರ ಸಂಜೆ ಆಡಿದ ಮಾತುಗಳಿವು. ಆವತ್ತು ಮಳೆ ಜೋರಾಗಿತ್ತು. ತಗಡಿನ ಚಾವಣಿಯ ಸದ್ದಿಗೆ ಹಿಂದೆ ಕೂತವರಿಗೆ ಅರ್ಧ ಮಾತು ಕೇಳಿಸಲೇ ಇಲ್ಲವಂತೆ. ಬರೆದು ಕೊಡಿ ಅಂದರು. ಬರೆಯುವಾಗ ಅಲ್ಲಲ್ಲಿ ತಿದ್ದಿದ್ದೇನೆ, ಒಂದು ಜೋಕು ಕೈಬಿಟ್ಟಿದ್ದೇನೆ.

ಎಲ್ಲರಿಗೂ ನಮಸ್ಕಾರ.

ನನ್ನದೇ ಒಂದು ತಪ್ಪಿನಿಂದ ಶುರು ಮಾಡುತ್ತೇನೆ. ನಾನು ಈ ಊರಿಗೆ ಮೇಷ್ಟ್ರಾಗಿ ಬಂದ ಹೊಸದು. ನಾವಿದ್ದ ಬೀದಿಯ ತಿರುವಿನಲ್ಲಿ ಒಂದು ಕಾಫಿ ಪುಡಿ ಅಂಗಡಿ ಇತ್ತು. ಬೆಳಗ್ಗೆ ಬೀಜ ಹುರಿಯುತ್ತಿದ್ದರೆ ಬೀದಿಗೆಲ್ಲ ಘಮ. ಹೋದವರಿಗೆ ಅಂಗಡಿಯವರು ಕೇಳುತ್ತಿದ್ದದ್ದು ಒಂದೇ ಪ್ರಶ್ನೆ, 'ಚಿಕೋರಿ ಎಷ್ಟು ಹಾಕ್ಲಿ?' ನೀವು ಹೇಳಿದಷ್ಟನ್ನು ನಿಮ್ಮ ಕಣ್ಣೆದುರೇ ತೂಗಿ ಬೆರೆಸುತ್ತಿದ್ದರು.

ಒಂದು ದಿನ ಕ್ಷೌರದ ಅಂಗಡಿಯಲ್ಲಿ ಯಾರೋ ಹೇಳಿದರು, 'ಆ ಯಪ್ಪ ಹುಣಸೆ ಬೀಜ ಹುರಿದು ಬೆರೆಸ್ತಾನಂತೆ.' ನಾನು ಮನೆಗೆ ಬಂದು ಹೆಂಡತಿಗೆ ಹೇಳಿದೆ. ಅವಳು ಪಕ್ಕದ ಮನೆಯವರಿಗೆ ಹೇಳಿದಳು. ಮಾರನೆಯ ದಿನ ಸ್ಟಾಫ್ ರೂಮಿನಲ್ಲೂ ನಾನೇ ಹೇಳಿದೆ. ಆದರೆ ಅಲ್ಲಿ ನಾನು 'ಬೆರೆಸ್ತಾನಂತೆ' ಅನ್ನಲಿಲ್ಲ. 'ಬೆರೆಸ್ತಾನೆ' ಅಂದೆ. ಯಾಕೆ ಹಾಗಂದೆ? ಗೊತ್ತಿಲ್ಲ. 'ಅಂತೆ' ಹೇಳಿದರೆ ಮಾತಿಗೆ ತೂಕ ಕಮ್ಮಿ, ಅಲ್ವಾ?

ಪರೀಕ್ಷೆ ಏನೂ ಮಾಡಿರಲಿಲ್ಲ. ತಣ್ಣೀರಿನ ಲೋಟಕ್ಕೆ ಒಂದು ಚಿಟಿಕೆ ಪುಡಿ ಉದುರಿಸಿದರೆ ಕಾಫಿ ಸ್ವಲ್ಪ ಹೊತ್ತು ಮೇಲೆ ತೇಲುತ್ತದೆ, ಚಿಕೋರಿ ಕಂದು ಗೆರೆ ಎಳೆಯುತ್ತಾ ಕೆಳಗಿಳಿಯುತ್ತದೆ. ಇಷ್ಟು ಮಾಡುವುದಕ್ಕೆ ಅರ್ಧ ನಿಮಿಷ ಸಾಕು. ಹುಣಸೆ ಬೀಜಕ್ಕೆ ಬೇರೆ ಪರೀಕ್ಷೆ ಬೇಕು, ಇರಲಿ. ಆದರೆ ಈ ಅರ್ಧ ನಿಮಿಷದ ಕೆಲಸವನ್ನೂ ಆ ಬೀದಿಯಲ್ಲಿ ಯಾರೂ ಮಾಡಲಿಲ್ಲ. ಒಂದು ವರ್ಷದಲ್ಲಿ ಅಂಗಡಿ ಮುಚ್ಚಿತು. ಬಾಡಿಗೆ ಜಾಸ್ತಿ ಆಯ್ತು, ಅದಕ್ಕೆ ಮುಚ್ಚಿದೆ ಅಂತ ಅವರು ಹೇಳಿದರು. ಬಾಡಿಗೆಯೇ ಇರಬಹುದು.

ನಮ್ಮ ಭಾಷೆಯಲ್ಲಿ ಈ 'ಅಂತೆ' ಬಹಳ ಜಾಣ ಮಾತು. 'ಅವನು ಕದ್ದ' ಅಂದರೆ ನಾನು ಸಾಕ್ಷಿ. 'ಅವನು ಕದ್ದನಂತೆ' ಅಂದರೆ ನನ್ನ ಕೈ ಕ್ಲೀನು. ಎರಡಕ್ಷರದಲ್ಲಿ ಹೊಣೆ ಜಾರಿಸಿಕೊಳ್ಳಬಹುದು. ಇವತ್ತು ನಾನು ಹೇಳಬೇಕು ಅಂತಿರುವುದು ಇಷ್ಟೇ: ಒಂದು ಮಾತಿನ ಬಾಲದಿಂದ ಈ 'ಅಂತೆ' ಯಾವಾಗ ಕಳಚಿ ಬೀಳುತ್ತದೆ? ಕಳಚುವವರು ಯಾರು? ಮನುಷ್ಯನ ಹೆಸರಿನ ವಿಷಯದಲ್ಲಿ, ಸರ್ಕಾರದ ಆದೇಶದಲ್ಲಿ, ವಿದ್ವಾಂಸರ ಪುಸ್ತಕದಲ್ಲಿ ಅದು ಕಳಚುವ ರೀತಿ ಬೇರೆ ಬೇರೆ. ದೂರ ಹೋಗುವುದು ಬೇಡ, ನಮ್ಮ ಹಾಸನ, ಚಿಕ್ಕಮಗಳೂರು ಎರಡು ಜಿಲ್ಲೆಯೊಳಗೇ ಹೆಚ್ಚಾಗಿ ಓಡಾಡೋಣ.

ಮೊದಲು ಬೇಲೂರು. ಇಲ್ಲಿಂದ ಸುಮಾರು 40 ಕಿಲೋಮೀಟರ್. ಆ ಗುಡಿ ಕೆತ್ತಿದ್ದು ಯಾರು ಅಂತ ಇಲ್ಲಿ ಕೂತಿರುವ ಯಾರನ್ನು ಕೇಳಿದರೂ ಜಕಣಾಚಾರಿ ಅನ್ನುತ್ತೀರಿ. ಮಗ ಡಂಕಣ ಬಂದು ಅಪ್ಪನ ಕಲ್ಲಿನಲ್ಲಿ ದೋಷ ತೋರಿಸಿದ್ದು, ಕಲ್ಲೊಡೆದರೆ ಒಳಗೆ ನೀರು, ಕಪ್ಪೆ, ಅಪ್ಪ ಕೈ ಕಡಿದುಕೊಂಡದ್ದು, ಎಲ್ಲವೂ ನಮಗೆ ಬಾಯಿಪಾಠ. ಕಪ್ಪೆ ಚೆನ್ನಿಗರಾಯ ಅಂತ ದೇವರಿಗೇ ಹೆಸರಿದೆ. ಆದರೆ ಶಾಸನ ಓದಿದವರಿಗೆ ಆ ಕಾಲದ ಕಲ್ಲಿನ ಮೇಲೆ ಜಕಣಾಚಾರಿ ಸಿಕ್ಕಿಲ್ಲ.

ಹಾಗಂತ ಕೆತ್ತಿದವರು ಹೆಸರು ಬರೆಯದೆ ಹೋದವರಲ್ಲ. 1117ರಲ್ಲಿ ವಿಷ್ಣುವರ್ಧನ ಕಟ್ಟಿಸಿದ ಆ ಗುಡಿಯ ಮದನಿಕೆಯರ ಪೀಠದಲ್ಲಿ ಸಹಿಗಳಿವೆ. ಬಳ್ಳಿಗಾವೆಯ ದಾಸೋಜ. ಅವನ ಮಗ ಚಾವಣ. ಬರೀ ಹೆಸರಲ್ಲ, ಎದುರಾಳಿ ಶಿಲ್ಪಿಗಳನ್ನು ಕೆಣಕುವಂಥ ಬಿರುದುಗಳನ್ನೂ ಹಾಕಿಕೊಂಡಿದ್ದಾರೆ. ಇನ್ನೊಬ್ಬ ಮಲ್ಲಿತಮ್ಮ. ತರೀಕೆರೆ ತಾಲ್ಲೂಕಿನ ಅಮೃತಾಪುರದಲ್ಲಿ 1196ರಲ್ಲಿ ಕಟ್ಟಿದ ಅಮೃತೇಶ್ವರ ಗುಡಿಯಲ್ಲಿ ಅವನ ಕೈಕೆಲಸ ಇದೆ. 60 ವರ್ಷಕ್ಕೂ ಜಾಸ್ತಿ ಕಳೆದ ಮೇಲೆ ಸೋಮನಾಥಪುರದಲ್ಲಿ ಮತ್ತೆ ಅದೇ ಹೆಸರು. ಅಷ್ಟು ಹೊತ್ತಿಗೆ ಪೂರ್ತಿ ಬರೆಯುವುದಕ್ಕೂ ಬೇಜಾರಾಗಿ ಕೆಲವು ಕಡೆ 'ಮಲ್ಲಿ' ಅಂತ, ಕೆಲವು ಕಡೆ ಬರೀ 'ಮ' ಅಂತ ಕೊರೆದಿದ್ದಾನೆ. ಒಬ್ಬನೇ ಮನುಷ್ಯನಾ, ಹೆಸರು ಹಂಚಿಕೊಂಡ ಇಬ್ಬರಾ ಅಂತ ನನಗೆ ಆಗಾಗ ಅನುಮಾನ ಬರುತ್ತದೆ. ಒಬ್ಬನೇ ಆಗಿದ್ದರೆ ಆ 'ಮ' ನೋಡಿದಾಗ ನಗು ಬರುತ್ತದೆ. ಗೊತ್ತಿರುವವರಿಗೆ ಗೊತ್ತಾಗುತ್ತೆ ಬಿಡು ಅನ್ನುವ ಧಾಟಿ.

ಗೊತ್ತಾಗಲಿಲ್ಲ. ಕಲ್ಲಿನಲ್ಲಿ ಕೊರೆದ ಹೆಸರು ಗುಡಿಯೊಳಗೇ ಉಳಿಯಿತು. ಕಲ್ಲಿನಲ್ಲಿಲ್ಲದ ಹೆಸರು ಊರೂರು ತಿರುಗಿತು. ಇವತ್ತು ನಮ್ಮ ಸರ್ಕಾರ ಶಿಲ್ಪಿಗಳಿಗೆ ಕೊಡುವ ಪ್ರಶಸ್ತಿ ಕೂಡ ಜಕಣಾಚಾರಿ ಹೆಸರಿನದು. ನನಗೆ ಇದರಲ್ಲಿ ಸಿಟ್ಟೇನಿಲ್ಲ. ನೂರಾರು ಜನ ಸೇರಿ ಮಾಡಿದ ಕೆಲಸವನ್ನು ನೆನಪಿಡಲು ಜನಕ್ಕೆ ಒಂದು ಹೆಸರು, ಒಂದು ಕಥೆ ಬೇಕು. ಗೈಡ್‌ಗಳಿಗೂ ಅದೇ ಸುಲಭ. 'ದಾಸೋಜ, ಚಾವಣ, ನಾಗೋಜ, ಮಲ್ಲಿಯಣ್ಣ' ಅಂತ ಪಟ್ಟಿ ಓದಿದರೆ ಪ್ರವಾಸಿಗಳು ಮೊಬೈಲ್ ತೆಗೆಯುತ್ತಾರೆ. ಕಪ್ಪೆ ಅಂದರೆ ನಿಂತು ಕೇಳುತ್ತಾರೆ.

ಈಗ ಹಲ್ಮಿಡಿ. ಇದೂ ಬೇಲೂರು ತಾಲ್ಲೂಕೇ. ಅಲ್ಲಿಯ ಕಲ್ಲನ್ನು 1936ರಲ್ಲಿ ಮೈಸೂರು ಪುರಾತತ್ವ ಇಲಾಖೆಯ ನಿರ್ದೇಶಕರಾಗಿದ್ದ ಎಂ. ಎಚ್. ಕೃಷ್ಣ ಅವರು ವರದಿ ಬರೆದು ಹೊರಗಿನವರಿಗೆ ತಿಳಿಸಿದರು. ನಾವು 'ಕಂಡುಹಿಡಿದರು' ಅನ್ನುತ್ತೇವೆ. ಊರಿನವರು ಅದನ್ನು ದಿನಾ ನೋಡುತ್ತಲೇ ಇದ್ದರು. ಹುಡುಗರು ಅದರ ಮೇಲೆ ಹತ್ತಿ ಕುಣಿದಿರಲೂಬಹುದು. ಅವರಿಗೆ ಅದು ಕಲ್ಲು. ಓದಿ, ಅಚ್ಚು ಹಾಕಿಸಿ, ಇತರ ವಿದ್ವಾಂಸರ ಮುಂದೆ ಇಟ್ಟ ಮೇಲೆ ಅದು ಕನ್ನಡದ ಮೊದಲ ಶಾಸನ ಆಯಿತು.

ಶಾಸನ ಓದುವುದು ಅಂದರೆ ಬರೀ ಕಣ್ಣಾಡಿಸುವುದಲ್ಲ. ನಾನು ಒಂದೆರಡು ಕಡೆ ಪಕ್ಕದಲ್ಲಿ ನಿಂತು ನೋಡಿದ್ದೇನೆ. ಮೊದಲು ಕಲ್ಲಿನ ಮೇಲಿನ ಪಾಚಿ, ಎಣ್ಣೆ, ಕುಂಕುಮ ಎಲ್ಲ ತೊಳೆಯಬೇಕು. ನೆನೆಸಿದ ಕಾಗದವನ್ನು ಅದರ ಮೇಲೆ ಹೊದಿಸಿ ಬ್ರಷ್‌ನಿಂದ ಪಟಪಟ ಹೊಡೆಯುತ್ತಾರೆ. ಕಾಗದ ಅಕ್ಷರದ ಗುಳಿಯೊಳಗೆ ಇಳಿದು ಕೂರಬೇಕು. ಆಮೇಲೆ ಮಸಿ ಮೆತ್ತಿದ ಉಂಡೆಯಿಂದ ಮೇಲೆ ಮೆಲ್ಲಗೆ ತಟ್ಟುತ್ತಾ ಹೋಗುತ್ತಾರೆ. ಉಬ್ಬು ಕಪ್ಪಾಗುತ್ತದೆ, ಗುಳಿ ಬಿಳಿಯಾಗಿ ಉಳಿಯುತ್ತದೆ. ಒಣಗಿದ ಮೇಲೆ ಸುಲಿದು ತೆಗೆದರೆ ಕರೀ ಹಾಳೆ ತುಂಬ ಬಿಳೀ ಅಕ್ಷರ. ಜೋರಾಗಿ ಹೊಡೆದರೆ ಕಾಗದ ಹರಿಯುತ್ತದೆ. ಮಸಿ ಜಾಸ್ತಿಯಾದರೆ ಅಕ್ಷರ ಮುಚ್ಚಿಹೋಗುತ್ತದೆ. ಮಳೆ ಬಂದರೆ ಅವತ್ತಿನ ಕೆಲಸ ಅಷ್ಟೇ. ಬಿ. ಎಲ್. ರೈಸ್ ಅವರ ಹೆಸರು ನೀವು ಕೇಳಿರುತ್ತೀರಿ. ಬೆಂಗಳೂರಿನಲ್ಲೇ 1837ರಲ್ಲಿ ಹುಟ್ಟಿದವರು. ಸಾವಿರಾರು ಶಾಸನಗಳನ್ನು 12 ಸಂಪುಟಗಳಲ್ಲಿ ತಂದರು. ನಮ್ಮ ಹಾಸನದ್ದು ಐದನೆಯ ಸಂಪುಟ. ಆರನೆಯದು ಚಿಕ್ಕಮಗಳೂರಿನದು, ಆಗ ಅದು ಕಡೂರು ಜಿಲ್ಲೆ. ಮುಖಪುಟದ ಮೇಲೆ ರೈಸ್ ಇದ್ದಾರೆ, ಇರಲೇಬೇಕು. ಬಿಸಿಲಲ್ಲಿ ಕೂತು ಮಸಿ ತಟ್ಟಿದವರು ಮುಖಪುಟದ ಮೇಲಿಲ್ಲ.

ಹಲ್ಮಿಡಿಯ ಕಲ್ಲಿನಲ್ಲಿ 16 ಸಾಲು. ಯುದ್ಧದಲ್ಲಿ ಗೆದ್ದ ವಿಜ ಅರಸನಿಗೆ ಪಲ್ಮಿಡಿ, ಮೂಳಿವಳ್ಳಿ ಎಂಬ ಎರಡು ಊರುಗಳನ್ನು 'ಬಾಳ್ಗಳ್ಚು' ಆಗಿ ಕೊಟ್ಟದ್ದು ವಿಷಯ. ಬಾಳ್ ಅಂದರೆ ಕತ್ತಿ, ಕಳ್ಚು ಅಂದರೆ ತೊಳೆಯುವುದು. ರಕ್ತದ ಕತ್ತಿ ತೊಳೆದು ಕೊಟ್ಟ ಜಮೀನು. ಇದನ್ನು ಕೆಡಿಸಿದವನಿಗೆ ಮಹಾಪಾತಕ ಅಂತಲೂ ಇದೆ. ಅಂದರೆ ಇದೊಂದು ಸರ್ಕಾರಿ ಆದೇಶ. ಪಹಣಿಯೂ ಇದೆ, ಎಚ್ಚರಿಕೆಯೂ ಇದೆ.

ಇಷ್ಟೆಲ್ಲ ಇರುವ ಕಲ್ಲಿನಲ್ಲಿ ಇಸವಿ ಇಲ್ಲ. 450 ಅನ್ನುವುದು ಅಕ್ಷರದ ರೂಪ, ಭಾಷೆ, ಅಲ್ಲಿ ಬರುವ ಕದಂಬ ಅರಸನ ಹೆಸರು ಇವನ್ನೆಲ್ಲ ತೂಗಿ ವಿದ್ವಾಂಸರು ಕಟ್ಟಿದ ಲೆಕ್ಕ. ಅವರು 'ಸುಮಾರು ಕ್ರಿ.ಶ. 450' ಅಂತಲೇ ಬರೆದರು. ಸ್ವಲ್ಪ ಈಚೆಗೆ ತರಬೇಕು ಅಂದವರೂ ಇದ್ದಾರೆ. ಆದರೆ ಸ್ಕೂಲ್ ಗೈಡಿಗೆ, ಕ್ವಿಜ್ ಪುಸ್ತಕಕ್ಕೆ ಬರುವ ಹೊತ್ತಿಗೆ ಆ 'ಸುಮಾರು' ಉದುರಿಹೋಯಿತು. ಉದುರಿಸಿದವರಲ್ಲಿ ನಾನೂ ಒಬ್ಬ. ಪರೀಕ್ಷೆಯಲ್ಲಿ 'ಸುಮಾರು' ಬರೆದ ಹುಡುಗನಿಗೂ ಬರೆಯದ ಹುಡುಗನಿಗೂ ಅದೇ ಒಂದು ಮಾರ್ಕು ಕೊಟ್ಟಿದ್ದೇನೆ.

ಆಮೇಲೆ ಶಿಕಾರಿಪುರ ತಾಲ್ಲೂಕಿನ ತಾಳಗುಂದದಲ್ಲಿ ಸಿಂಹಕಟಾಂಜನ ಶಾಸನ ಸಿಕ್ಕಿತು. ಅದು ಸುಮಾರು 370ರದ್ದು, ಹಲ್ಮಿಡಿಗಿಂತ ಹಳೆಯದು ಅಂತ ಪುರಾತತ್ವ ಸರ್ವೇಕ್ಷಣದವರು ಹೇಳಿದರು. ಆವತ್ತು ನಮ್ಮ ಜಿಲ್ಲೆಯ ಗೆಳೆಯರೊಬ್ಬರು ಫೋನ್ ಮಾಡಿದ್ದು ನೆನಪಿದೆ. ಮನೆಯ ಒಡವೆ ಕಳೆದುಕೊಂಡವರ ಧ್ವನಿ. 'ನೋಡಿ ಸರ್, ಶಿವಮೊಗ್ಗದವರು ಕಿತ್ಕೊಂಡ್ರು' ಅಂದರು. 2008ರಲ್ಲಿ ಕನ್ನಡಕ್ಕೆ ಶಾಸ್ತ್ರೀಯ ಸ್ಥಾನ ಸಿಕ್ಕಾಗ, ಅದಕ್ಕೂ ಮುಂಚಿನ ವಾದಗಳಲ್ಲಿ, ಹಲ್ಮಿಡಿಯ ಹೆಸರು ಮತ್ತೆ ಮತ್ತೆ ಬಂದಿತ್ತು. ಆ ಕಲ್ಲು ಊರಿನಿಂದ ಎಂದೋ ಹೋಗಿದೆ. ಹಲ್ಮಿಡಿಯಲ್ಲಿ ಈಗ ಇರುವುದು ಫೈಬರ್ ಗ್ಲಾಸಿನ ಪ್ರತಿ, ಅದಕ್ಕೊಂದು ಮಂಟಪ. ಅಂದರೆ ಆ ಊರಿಗೆ ಉಳಿದಿರುವುದು ಹೆಸರು ಮಾತ್ರ. ಅದನ್ನೂ ಬಿಟ್ಟುಕೊಡು ಅಂದರೆ ಹೊಟ್ಟೆ ಉರಿಯದೆ ಇರುತ್ತಾ?

ವಿದ್ವಾಂಸರಿಗೇನು ಹೊಟ್ಟೆ ಉರಿಯುವುದಿಲ್ಲ ಅಂತಲ್ಲ. ಶ್ರವಣಬೆಳಗೊಳದ ಚಿಕ್ಕಬೆಟ್ಟದ ಒಂದು ಹಳೆಯ ಶಾಸನದ ಮೇಲೆ ರೈಸ್ ಮತ್ತು ಇನ್ನೊಬ್ಬ ಶಾಸನ ತಜ್ಞ ಫ್ಲೀಟ್ ಜಗಳವಾಡಿದರು. ಚಂದ್ರಗುಪ್ತ ಮೌರ್ಯ ಜೈನ ಮುನಿ ಭದ್ರಬಾಹುವಿನ ಜೊತೆ ಇಲ್ಲಿಗೆ ಬಂದಿದ್ದ ಅನ್ನುವ ಜೈನರ ಮಾತಿಗೆ ಆ ಕಲ್ಲು ಸಾಕ್ಷಿ ಅಂತ ರೈಸ್. ಅಲ್ಲವೇ ಅಲ್ಲ, ಆ ಭದ್ರಬಾಹುವೇ ಬೇರೆ ಅಂತ ಫ್ಲೀಟ್. ಇತಿಹಾಸಕಾರ ವಿನ್ಸೆಂಟ್ ಸ್ಮಿತ್ ಮೊದಲು ನಂಬಲಿಲ್ಲ, ಮುಂದೆ ಆ ಕಥೆಯ ತಿರುಳು ನಿಜ ಇದ್ದರೂ ಇರಬಹುದು ಅಂತ ಮನಸ್ಸು ಬದಲಿಸಿದರು. ನನಗೆ ಇಷ್ಟವಾಗುವುದು ಸ್ಮಿತ್ ಮಾಡಿದ್ದು. ಒಮ್ಮೆ ಪುಸ್ತಕದಲ್ಲಿ ಬರೆದ ಮೇಲೆ ಮನಸ್ಸು ಬದಲಿಸಿದೆ ಅಂತ ಒಪ್ಪಿಕೊಳ್ಳುವ ಮೇಷ್ಟ್ರುಗಳು ಕಮ್ಮಿ.

ಈಗ ಕಾಫಿ ತೋಟಕ್ಕೆ ಹೋಗೋಣ. ಬಾಬಾ ಬುಡನ್ ಮೋಕಾದಿಂದ ಏಳು ಬೀಜ ತಂದ ಕಥೆ ನಿಮಗೆ ಗೊತ್ತೇ ಇದೆ, ಹೇಳುವುದಿಲ್ಲ. ಅಲ್ಲೂ ಒಂದು 'ಅಂತೆ' ಇದೆ, ಅಷ್ಟೇ. ನನಗೆ ಹೇಳಬೇಕಾಗಿರುವುದು ಎಲೆ ತುಕ್ಕಿನ ಕಥೆ. ಎಲೆಯ ಅಡಿಯಲ್ಲಿ ಕಿತ್ತಳೆ ಬಣ್ಣದ ಪುಡಿ ಹತ್ತಿ ಗಿಡ ಬೋಳಾಗುವ ರೋಗ. ಅದರ ಕಾಟ ತಾಳದೆ 1915ರಲ್ಲಿ ಕೊಪ್ಪದಲ್ಲಿ ಸಣ್ಣದೊಂದು ಸಂಶೋಧನಾ ಘಟಕ ಶುರುವಾಯಿತು. 1925ರಲ್ಲಿ ಬಾಳೆಹೊನ್ನೂರಿನ ಹತ್ತಿರ ಮೈಸೂರು ಸರ್ಕಾರ ಪ್ರಯೋಗ ಕೇಂದ್ರವನ್ನೇ ತೆರೆಯಿತು. ಅದರ ಹಿಂದೆ ಇದ್ದವರು ಕೃಷಿ ನಿರ್ದೇಶಕ ಕೋಲ್ಮನ್, ಕೆನಡಾದವರು.

ಆದರೆ ಅದಕ್ಕೂ ಮುಂಚೆ ಒಬ್ಬ ತೋಟದ ದೊರೆ, ಕೆಂಟ್ ಅಂತ, ರೋಗ ಬಂದ ತೋಟದಲ್ಲಿ ರೋಗ ಅಂಟದೆ ನಿಂತಿದ್ದ ಗಿಡದ ಬೀಜ ಎತ್ತಿಟ್ಟುಕೊಂಡಿದ್ದರು. ಆ ತಳಿಗೆ ಕೆಂಟ್ಸ್ ಅಂತಲೇ ಹೆಸರಾಯಿತು. ಮುಂದೆ ಬಾಳೆಹೊನ್ನೂರಿನಲ್ಲಿ ಎಸ್. 288 ಅನ್ನುವ ತಳಿಯ ಜೊತೆ ಕೆಂಟ್ಸ್ ಕೂಡಿಸಿ ತೆಗೆದದ್ದೇ ಎಸ್. 795. ಇವತ್ತಿಗೂ ನಮ್ಮ ಅರೇಬಿಕಾ ತೋಟಗಳಲ್ಲಿ ಅದು ಎಲ್ಲ ಕಡೆ ಇದೆ. ಅಂದರೆ ವಿಜ್ಞಾನಿಯ ತಳಿಯ ಹೊಟ್ಟೆಯೊಳಗೆ ಬೆಳೆಗಾರನ ಕಣ್ಣು ಕೂತಿದೆ. ಇನ್ನೂ ಒಂದು ಮಾತು, ಇದು ನನ್ನ ಊಹೆ ಮಾತ್ರ: ತೋಟದಲ್ಲಿ ಗಿಡ ಗಿಡ ಮುಟ್ಟಿ ಹಣ್ಣು ಕುಯ್ಯುವವರು ಆಳುಗಳು. 'ಆ ಗಿಡಕ್ಕೆ ಮಾತ್ರ ಏನೂ ಆಗಿಲ್ಲ' ಅಂತ ಮೊದಲು ಮೇಸ್ತ್ರಿಗೆ ಹೇಳಿದ್ದು ಯಾವ ಹೆಂಗಸೋ. ನಮ್ಮ ಅಜ್ಜಿ ತೋಟಕ್ಕೆ ಹೋಗುತ್ತಿದ್ದವರು. ಯಾವ ಸಾಲಿನ ಯಾವ ಗಿಡ ಸೋಮಾರಿ ಅಂತ ಅವರಿಗೆ ಕಣ್ಣು ಮುಚ್ಚಿದರೂ ಗೊತ್ತಿತ್ತು. ಅದಕ್ಕೆ ಇಂಥ ಊಹೆ ಬರುತ್ತದೆ.

ಕಾನೂನಿನ ವಿಷಯ ಬೇಗ ಹೇಳಿ ಮುಗಿಸುತ್ತೇನೆ. 1942ರ ಕಾಫಿ ಕಾಯಿದೆ ಬಂದ ಮೇಲೆ ಬೆಳೆಗಾರ ತನ್ನ ಕಾಫಿಯನ್ನು ಕಾಫಿ ಬೋರ್ಡಿನ ಪೂಲಿಗೆ, ಅಂದರೆ ಎಲ್ಲರ ಕಾಫಿಯನ್ನೂ ಒಟ್ಟು ಸೇರಿಸಿ ಬೋರ್ಡೇ ಮಾರುವ ರಾಶಿಗೆ, ಹಾಕಬೇಕಿತ್ತು, ಬೇಕಾದವರಿಗೆ ಮಾರುವಂತಿರಲಿಲ್ಲ. ಯುದ್ಧಕಾಲದಲ್ಲಿ ಬೆಳೆಗಾರರನ್ನು ಕಾಪಾಡಿದ್ದು ಅದೇ ಪೂಲು. 90ರ ದಶಕದ ಹೊತ್ತಿಗೆ ಅದೇ ಬೆಳೆಗಾರರಿಗೆ ಅದು ಕುತ್ತಿಗೆಗೆ ಕಟ್ಟಿದ ಗುಂಡುಕಲ್ಲು ಅನ್ನಿಸಿತು. ಸಂಘಗಳು ಕೂಗಿದವು, ದೆಹಲಿಗೆ ಓಡಾಡಿದವು. ದೇಶವೇ ಬಾಗಿಲು ತೆರೆಯುತ್ತಿದ್ದ ಕಾಲ ಬೇರೆ. 1994ರಲ್ಲಿ ಬ್ರೆಜಿಲ್‌ನಲ್ಲಿ ಮಂಜು ಬಿದ್ದು ಕಾಫಿ ರೇಟು ಆಕಾಶಕ್ಕೆ ಏರಿತು. ಹಂತ ಹಂತವಾಗಿ ಸಡಿಲಾಗಿ 1996ರಲ್ಲಿ ಎಲ್ಲರಿಗೂ ಮಾರುವ ಸ್ವಾತಂತ್ರ್ಯ ಬಂತು. ಇದು ನಮ್ಮ ಸಂಘದ ಗೆಲುವು ಅನ್ನುವವರು ಇದ್ದಾರೆ. ಬ್ರೆಜಿಲ್‌ನ ಮಂಜಿಗೂ ಒಂದು ಹಾರ ಹಾಕಬೇಕು ಅಂತ ನನ್ನ ಅಭಿಪ್ರಾಯ. 2019ರಲ್ಲಿ ಚಿಕ್ಕಮಗಳೂರು ಅರೇಬಿಕಾಗೆ, ಬಾಬಾಬುಡನ್‌ಗಿರಿ ಅರೇಬಿಕಾಗೆ ಜಿಐ ಟ್ಯಾಗ್, ಅಂದರೆ ಊರಿನ ಹೆಸರಿಗೆ ಕಾನೂನಿನ ಗುರುತು, ಸಿಕ್ಕಿತಲ್ಲ, ಆ ಕಾನೂನಿನಲ್ಲಿ ಒಂದು ತಮಾಷೆ ಇದೆ. ಊರಿನಿಂದ ಪದಾರ್ಥಕ್ಕೆ ಬಂದ ಗುಣ ಎಷ್ಟು ಮುಖ್ಯವೋ ಊರಿನಿಂದ ಬಂದ ಹೆಸರೂ ಅಷ್ಟೇ ಮುಖ್ಯ ಅಂತ ಬರೆದಿದ್ದಾರೆ. ಹೆಸರಿಗೇ ರಿಜಿಸ್ಟರ್ ನಂಬರು! ನನ್ನ ಬೀದಿಯ ಪುಡಿ ಅಂಗಡಿಯವರಿಗೆ ಅಂಥದ್ದೊಂದು ಇರಬೇಕಿತ್ತು.

ಕೊನೆಗೆ ಕುದುರೆಮುಖ. ಇದನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು.

ಅಲ್ಲಿ ಕಬ್ಬಿಣದ ಅದಿರಿನ ಕಂಪನಿ ಶುರುವಾದದ್ದು 1976ರಲ್ಲಿ. ದುಡ್ಡು ಹಾಕುತ್ತೇನೆ ಅಂದಿದ್ದು ಇರಾನಿನ ದೊರೆ. 1979ರಲ್ಲಿ ಅಲ್ಲಿ ಕ್ರಾಂತಿಯಾಗಿ ಅವನೇ ದೇಶ ಬಿಟ್ಟ. ಆದರೂ ಕೆಲಸ ನಡೆಯಿತು. ಅದಿರನ್ನು ಅರೆದು, ನೀರಿನಲ್ಲಿ ಕಲಸಿ, 67 ಕಿಲೋಮೀಟರ್ ಕೊಳವೆಯಲ್ಲಿ ಘಟ್ಟ ಇಳಿಸಿ ಮಂಗಳೂರಿಗೆ ಕಳಿಸುತ್ತಿದ್ದರು. ಕಾಡಿನ ನಡುವೆ ಕ್ವಾರ್ಟರ್ಸ್, ಶಾಲೆ, ಆಸ್ಪತ್ರೆ ಎಲ್ಲ ಎದ್ದವು.

ಅದೇ ಕಾಡಿನಲ್ಲಿ 80ರ ದಶಕದಲ್ಲಿ ವನ್ಯಜೀವಿ ವಿಜ್ಞಾನಿ ಉಲ್ಲಾಸ ಕಾರಂತರು ಸಿಂಗಳೀಕ ಎಣಿಸುತ್ತಾ ನಡೆದರು. ಮಂಗ ಎಣಿಸುವುದು ಅಂದರೆ ಆಗ ಜನಕ್ಕೆ ನಗು. ಆ ಎಣಿಕೆ ವರದಿಯಾಯಿತು. 1987ರಲ್ಲಿ ಕುದುರೆಮುಖವನ್ನು ರಾಷ್ಟ್ರೀಯ ಉದ್ಯಾನ ಅಂತ ಘೋಷಿಸುವುದಕ್ಕೆ ಅದೂ ಒಂದು ಕಾರಣ. ಗಣಿಯ ಗುತ್ತಿಗೆ 1999ರಲ್ಲಿ ಮುಗಿಯಿತು. ಮುಂದುವರಿಸಬೇಕೋ ಬೇಡವೋ ಅನ್ನುವ ಜಗ್ಗಾಟ ಶುರು. ಭದ್ರೆಯ ನೀರು ಮಳೆಗಾಲದಲ್ಲಿ ಕೆಂಪಗೆ ಹರಿಯುತ್ತದೆ, ಹೂಳು ತುಂಬುತ್ತದೆ ಅಂತ ಕೆಳಗಿನವರು ಹೇಳುತ್ತಿದ್ದರು. 'ಮಳೆಗಾಲದಲ್ಲಿ ಯಾವ ನದಿ ಕೆಂಪಾಗಲ್ಲ?' ಅಂದರೆ ಅವರ ಬಾಯಿ ಕಟ್ಟುತ್ತಿತ್ತು. ಹಾಗೆ ಕಟ್ಟದಂತೆ ಮಾಡಿದ್ದು ಬಾಟಲಿಗಳು. ಮಳೆಯಲ್ಲಿ ನಿಂತು ನದಿಯ ನೀರು ಹಿಡಿದು, ಒಂದು ಲೀಟರಿನಲ್ಲಿ ಎಷ್ಟು ಮಣ್ಣು ಅಂತ ತೂಗಿದರು. ಗಣಿಯ ಮೇಲ್ಗಡೆಯ ನೀರು ಒಂದು ಕಡೆ, ಕೆಳಗಿನ ನೀರು ಇನ್ನೊಂದು ಕಡೆ. ರೈತರ ಬಾಯಲ್ಲಿ 'ಕೆಂಪಾಗಿದೆಯಂತೆ' ಆಗಿದ್ದದ್ದು ಕೋರ್ಟಿನ ಮೇಜಿನ ಮೇಲೆ ಗ್ರಾಂ ಲೆಕ್ಕ ಆಯಿತು. ಕಂಪನಿಯ ಕಡೆಯಿಂದಲೂ ತಜ್ಞರ ವರದಿ ಇತ್ತು, ಅದನ್ನು ಮರೆಯಬಾರದು. ತಜ್ಞರು ಒಂದೇ ಕಡೆ ಇರುವುದಿಲ್ಲ.

ಕೋರ್ಟಿಗೆ ಹೋದವರು ಕೆ. ಎಂ. ಚಿಣ್ಣಪ್ಪ, ನಾಗರಹೊಳೆಯಲ್ಲಿ ರೇಂಜರ್ ಆಗಿದ್ದವರು. 2002ರ ಅಕ್ಟೋಬರ್ 30ರಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿತು. 2005ರ ಕೊನೆಗೆ ಗಣಿಗಾರಿಕೆ ನಿಂತಿತು.

ಗೆದ್ದವರ ಕಡೆಯಿಂದ ಮಾತ್ರ ಹೇಳಿದರೆ ಮೋಸ ಆಗುತ್ತದೆ. ನನ್ನ ಒಬ್ಬ ವಿದ್ಯಾರ್ಥಿಯ ಅಪ್ಪ ಆ ಕಂಪನಿಯಲ್ಲಿದ್ದರು. ಅವನು ಹುಟ್ಟಿದ್ದು, ಸೈಕಲ್ ಕಲಿತದ್ದು ಆ ಕ್ವಾರ್ಟರ್ಸ್‌ನಲ್ಲಿ. ಹಾಜರಿ ಪುಸ್ತಕದಲ್ಲಿ ಸ್ವಂತ ಊರು ಬರೆಯುವ ಜಾಗದಲ್ಲಿ ಅವನು ಪೆನ್ನು ಹಿಡಿದು ಕೂತಿದ್ದ. 'ಏನು ಬರೀಲಿ ಸರ್, ಊರೇ ಖಾಲಿಯಾಯ್ತಲ್ಲ' ಅಂದ. ಇನ್ನು ತಲೆತಲಾಂತರದಿಂದ ಕಾಡಿನಲ್ಲೇ ಇದ್ದ ಮನೆಗಳಿಗೆ ಉದ್ಯಾನದ ಗಡಿ ಅಂದರೆ ಒಕ್ಕಲೆಬ್ಬಿಸುವ ಹೆದರಿಕೆ. ಗಣಿ ಬೇಡ ಅಂದವರಲ್ಲೂ ಕೆಲವರು ಉದ್ಯಾನವೂ ಬೇಡ ಅಂದರು. ಸಿಂಗಳೀಕವನ್ನು ಎಣಿಸುವಷ್ಟು ಜೋಪಾನವಾಗಿ ಈ ಮನೆಗಳನ್ನು ಎಣಿಸಬೇಕಿತ್ತು ಅಂತ ನನ್ನ ದೂರು. ಎಣಿಕೆಗೆ ಸಿಗದವರ ಮಾತು ಬಹಳ ವರ್ಷ 'ಅಂತೆ'ಯಲ್ಲೇ ಉಳಿದುಬಿಡುತ್ತದೆ.

ನನ್ನ ಮಾತು ಇಷ್ಟೇ. ಪ್ರಶ್ನೆ ಇದ್ದರೆ ಕೇಳಿ.

(ಆವತ್ತಿನ ಎರಡು ಪ್ರಶ್ನೆಗಳನ್ನು ಇಲ್ಲಿ ಸೇರಿಸಿದ್ದೇನೆ.)

ಮುಂದಿನ ಸಾಲಿನ ಹುಡುಗನೊಬ್ಬ ಕೇಳಿದ, 'ಹಾಗಾದ್ರೆ ಸರ್, ಜಕಣಾಚಾರಿ ಇರ್ಲೇ ಇಲ್ವಾ?' ಇರಲಿಲ್ಲ ಅಂತ ನಾನು ಹೇಳಲಿಲ್ಲಪ್ಪ, ಕಲ್ಲಿನಲ್ಲಿ ಸಿಕ್ಕಿಲ್ಲ ಅಂದೆ ಅಷ್ಟೇ. ಅವನಿಗೆ ಸಮಾಧಾನ ಆಗಲಿಲ್ಲ. ಪಕ್ಕದವನ ಕಿವಿಯಲ್ಲಿ 'ಇರ್ಲಿಲ್ವಂತೆ ಕಣೋ' ಅಂದದ್ದು ಮೈಕಿನ ಹತ್ತಿರ ನಿಂತಿದ್ದ ನನಗೂ ಕೇಳಿಸಿತು.

ಎಲ್ಲ ಮುಗಿದು ಕಾಫಿ ಕುಡಿಯುವಾಗ ಆಲೂರು ಕಡೆಯ ಹೆಣ್ಣುಮಗಳೊಬ್ಬರು ಬಂದರು. 'ಸರ್, ನಮ್ಮ ಹಿತ್ಲಲ್ಲಿ ಬಟ್ಟೆ ಒಗೆಯೋ ಕಲ್ಲು ಒಂದೈತೆ. ಅದ್ರಲ್ಲಿ ಅಕ್ಷರ ಐತಂತೆ, ನಮ್ಮತ್ತೆ ಹೇಳ್ತಿದ್ರು.'

'ನೀವು ನೋಡಿದ್ದೀರಾ ತಾಯಿ?'

'ಇಲ್ಲ ಸರ್. ಕವುಚಿ ಹಾಕವ್ರೆ. ಅಕ್ಷರ ಕೆಳಗಡೆಗೆ.'

ಭಾನುವಾರ ಬರುತ್ತೇನೆ, ನಾಲ್ಕು ಜನ ಗಟ್ಟಿಯಾಗಿರುವವರನ್ನು ಕರೆದುಕೊಂಡು, ಹಾರೆ ಹಿಡಿದುಕೊಂಡು ಬರುತ್ತೇನೆ ಅಂದೆ. ಅವರು ಎರಡು ಹೆಜ್ಜೆ ಹೋದವರು ತಿರುಗಿ ಬಂದರು.

'ಹಗಲು ಹೊತ್ತಲ್ಲೇ ಬನ್ನಿ ಸರ್. ಕತ್ತಲಾದ್ಮೇಲೆ ಹಾರೆ ಹಿಡ್ಕೊಂಡು ಬಂದ್ರೆ ನಿಧಿ ತೆಗೆಯೋಕೆ ಬಂದೌರೆ ಅಂತಾರೆ. ಆಮೇಲೆ ನಾವು ಊರಲ್ಲಿರ್ಬೇಕಲ್ಲ.'